ಹೊರದೇಶದಲ್ಲಿ ಭಾಷೆ ಬರದೆ ಪಜೀತಿ ಆಗಲಿಲ್ಲವೇ?

ಜರ್ಮನಿಯಿಂದ ವಿಜಯಪುರಕ್ಕೆ ಬಂದಾಗಲೆಲ್ಲ ಬಳಗದವರು ಕೇಳುವುದು ಒಂದೇ ಪ್ರಶ್ನೆ: "ಅಲ್ಲಿ ಭಾಷಾ ಬರಂಗಿಲ್ಲ, ಭಾಳ ಪಜೀತಿ ಆಗಿರಬೇಕಲ್ಲ?"

ಭಾಷೆಯಿಂದ ಅಷ್ಟೇನೂ ಆಗಲಿಲ್ಲ. ಫೋನು ತೋರಿಸಿ, ಬೆರಳು ತೋರಿಸಿ ಕೆಲಸ ಸಾಗುತ್ತದೆ. ಬಲ್ಗೇರಿಯಾಕ್ಕೆ ಹೋದರೆ ಮಾತ್ರ ಹುಷಾರು, ಅಲ್ಲಿ ತಲೆ ಅಡ್ಡ ಆಡಿಸಿದರೆ 'ಹೌದು', ಮೇಲೆ ಕೆಳಗೆ ಆಡಿಸಿದರೆ 'ಇಲ್ಲ'. ನನಗೆ ಪಜೀತಿ ಆಗಿದ್ದು ಊಟಕ್ಕೆ ಕೂತಾಗ.

ನಮ್ಮ ಕಡೆ ಬಡಿಸುವವರು "ಇನ್ನೊಂದ್ ಹಾಕ್ಲೇನ್ರಿ?" ಅಂದರೆ ಮೊದಲು "ಸಾಕ್ರಿ" ಅನ್ನಬೇಕು. ಹಸಿವಿದ್ದರೂ ಅನ್ನಬೇಕು. ಎರಡನೇ ಸಲ ಕೈ ಅಡ್ಡ ಹಿಡಿಯಬೇಕು. ಆ ಕೈ ಸಂದಿಯಲ್ಲೇ ಹೋಳಿಗೆ ಬೀಳುತ್ತದೆ, ಮೇಲೆ ತುಪ್ಪ. ಇಬ್ಬರಿಗೂ ಗೊತ್ತಿರುವ ಆಟ ಇದು. ಜರ್ಮನಿಯಲ್ಲಿ ಈ ಆಟ ಇಲ್ಲ. ಜೊತೆಗೆ ಕೆಲಸ ಮಾಡುವ ಒಬ್ಬನ ಮನೆಗೆ ಊಟಕ್ಕೆ ಹೋಗಿದ್ದೆ. ಆಲೂಗಡ್ಡೆಯ ಬೋಗುಣಿ ನನ್ನತ್ತ ಬಂತು. ರೂಢಿಯಂತೆ ಬೇಡ ಅಂದೆ. ಬೋಗುಣಿ ಮುಂದೆ ಹೋಯಿತು. ತಿರುಗಿ ಬರಲೇ ಇಲ್ಲ! ಅವರ ಲೆಕ್ಕದಲ್ಲಿ ಬೇಡ ಅಂದವರಿಗೆ ಒತ್ತಾಯ ಮಾಡುವುದು ಒರಟುತನ. ರಾತ್ರಿ ರೂಮಿಗೆ ಬಂದು ಕಟಕ ರೊಟ್ಟಿ, ಶೇಂಗಾ ಹಿಂಡಿ ತಿಂದು ಮಲಗಿದೆ.

ನಮ್ಮವರಿಗೆ ಹೊಂದುವ ದೇಶ ಇರಾನ್. ಅಲ್ಲಿ ಇಂಥ ಉಪಚಾರಕ್ಕೆ ತಾರೋಫ್ ಅಂತಾರೆ. ಬಾಡಿಗೆ ಕೊಡಲು ಹೋದರೆ ಟ್ಯಾಕ್ಸಿಯವನು ಮೊದಲು "ಇರಲಿ ಬಿಡಿ" ಅನ್ನಬಹುದು. ಹಾಗಂತ ದುಡ್ಡು ಕಿಸೆಗೆ ಹಾಕಿಕೊಂಡು ಹೊರಟರೆ ಕೆಟ್ಟಿರಿ. ಎರಡು ಮೂರು ಸಲ ಒತ್ತಾಯ ಮಾಡಿ ಕೊಡಬೇಕು. ಆದಿಲ್‌ಶಾಹಿ ಕಾಲದಲ್ಲಿ ಪರ್ಷಿಯಾದಿಂದ, ಅಂದರೆ ಇಂದಿನ ಇರಾನಿನಿಂದ, ನಮ್ಮ ವಿಜಯಪುರಕ್ಕೆ ಬಂದ ಕವಿಗಳು ಊಟಕ್ಕೆ ಕಷ್ಟಪಟ್ಟಿರಲಿಕ್ಕಿಲ್ಲ ಬಿಡಿ.

ಮುಂದೆ ಅದೇ ಜರ್ಮನ್ ಗೆಳೆಯ ನಮ್ಮೂರಿಗೆ ಬಂದ. ತಾಟು ಖಾಲಿ ಮಾಡುವುದು ಅವನ ಮನೆಯವರು ಕಲಿಸಿದ ಮರ್ಯಾದೆ. ಖಾಲಿ ತಾಟು ಕಂಡರೆ ಬಡಿಸುವುದು ನಮ್ಮ ಅವ್ವ ಕಲಿತ ಮರ್ಯಾದೆ. ಅವನು ಮುಗಿಸುತ್ತಾನೆ, ಅವ್ವ ಹಾಕುತ್ತಾಳೆ. ಅವನು ಬೇಡ ಅಂತಾನೆ. "ಪಾಪ, ನಾಚ್ಕೊಳ್ಳಾಕತ್ತಾನ" ಅಂತ ಅವ್ವ ಮತ್ತೊಂದು ಹಾಕುತ್ತಾಳೆ. ಬಿಡಿಸಲು ಹೋದ ನನಗೂ ಒಂದು ಬಿತ್ತು.

ಆ ಮಧ್ಯಾಹ್ನ ಗೋಳಗುಮ್ಮಟ ಹತ್ತುವ ಮಾತಿತ್ತು. ಪಿಸುಗುಟ್ಟುವ ಗ್ಯಾಲರಿಗೆ ಹೋಗಬೇಕಾದರೆ ಮೂಲೆಯ ಗೋಪುರದ ಏಳು ಅಂತಸ್ತು ಏರಬೇಕಲ್ವಾ? ಅವನು ಒಮ್ಮೆ ಹೊಟ್ಟೆ ಮುಟ್ಟಿಕೊಂಡು ಹೊರಸಿನ ಮೇಲೆ ಅಡ್ಡಾದ. ಮರುದಿನ ಬೆಳಿಗ್ಗೆ ಹೋದೆವು, ಅವ್ವ ಏಳುವ ಮುಂಚೆ.