ಅಬ್ಬಿ ನೀರಿನ ಸದ್ದು

"ಇನ್ನೊಂದ್ಸಲ ಮಾಡಿ ಅಜ್ಜಾ, ಫೋಕಸ್ ತಪ್ಪಿತು" ಅಂದೆ. ಅಜ್ಜ ಕತ್ತಿ ಕೆಳಗಿಟ್ಟು ನನ್ನನ್ನೇ ನೋಡಿದರು. "ಸೀಳಿದ ಮರ ಮತ್ತೆ ಸೀಳೋಕೆ ಬರ್ತದಾ ಮಾರಾಯಾ?"

ಆಗುಂಬೆ ಕಡೆಯ ಒಂಟಿ ಮನೆ ಅದು. ವರ್ಷಕ್ಕೆ 7,000 ಮಿಲಿಮೀಟರಿಗೂ ಜಾಸ್ತಿ ಮಳೆ ಬೀಳುವ ಸೀಮೆ. ಕಾಡಿನ ನಡುವೆ ತಮ್ಮ ಕೈಯಲ್ಲೇ ಎಲ್ಲ ಮಾಡಿಕೊಂಡು ಬದುಕುವವರ ಬಗ್ಗೆ ಸಾಕ್ಷ್ಯಚಿತ್ರ ಮಾಡಬೇಕು ಅನ್ನೋದು ನನ್ನ ಬಹಳ ದಿನದ ಆಸೆ. ಅಂಥ ಬದುಕು ನನ್ನನ್ನೂ ಎಳೆಯುತ್ತದೆ. ಸುತ್ತಲಿನ ಮನೆಗಳಿಗೆಲ್ಲ ಪ್ಲಾಸ್ಟಿಕ್ ಪೈಪ್ ಬಂದಿದೆ. ಈ ಅಜ್ಜ ಮಾತ್ರ ಗುಡ್ಡದಿಂದ ಇಳಿಯುವ ಅಬ್ಬಿ ನೀರನ್ನು ಇನ್ನೂ ಅಡಿಕೆ ಮರ ಸೀಳಿ, ತಿರುಳು ಕೆರೆದು ಮಾಡಿದ ದಂಬೆಯಲ್ಲೇ ಅಂಗಳಕ್ಕೆ ತರುತ್ತಾರೆ.

ಮೂರು ದಿನ ಶೂಟ್ ಮಾಡಿದೆ. ರಾತ್ರಿ ಫೂಟೇಜ್ ನೋಡಿ ಬೇಸರವಾಯಿತು. ಕತ್ತಿ ಎತ್ತಿದ್ದು ಇದೆ, ಮರ ಬಿರಿದ ಗಳಿಗೆ ಇಲ್ಲ. ಎಲ್ಲ ಕಡೆಯೂ ಒಂದು ಕ್ಷಣ ತಡವಾಗಿ ತಲುಪಿದ್ದೆ. ಮುಂದೇನಾಗುತ್ತದೆ ಅಂತ ಗೊತ್ತಿಲ್ಲದವನು ಕ್ಯಾಮೆರಾ ಎಲ್ಲಿಡಬೇಕು?

ಆಗ ನೆನಪಾದವರು ಅಲಾಸ್ಕಾದ ಡಿಕ್ ಪ್ರೆನೆಕಿ. ಐವತ್ತು ದಾಟಿದ ಮೇಲೆ, 1968ರಲ್ಲಿ, ಟ್ವಿನ್ ಲೇಕ್ಸ್ ದಡದಲ್ಲಿ ಒಬ್ಬರೇ ಮರದ ಮನೆ ಕಟ್ಟಿದರು. ಹಿಡಿಯಿಲ್ಲದ ಹತಾರಗಳನ್ನು ಹೊತ್ತೊಯ್ದು, ಮರದ ಹಿಡಿಗಳನ್ನು ಅಲ್ಲೇ ಕೆತ್ತಿಕೊಂಡರು. ಅದನ್ನೆಲ್ಲ ಕ್ಯಾಮೆರಾದಲ್ಲಿ ತಾವೇ ಚಿತ್ರಿಸಿದರು. ತಾವು ದೂರ ನಡೆದು ಹೋಗುವ ಶಾಟ್ ಬೇಕಾದರೆ, ಕ್ಯಾಮೆರಾ ಸ್ಟ್ಯಾಂಡಿಗೆ ಹಾಕಿ, ಅಷ್ಟು ದೂರ ನಡೆದು, ಅದನ್ನು ಎತ್ತಿಕೊಳ್ಳಲು ಮತ್ತೆ ವಾಪಸ್ ಬರಬೇಕು. ಮಾಡುವ ಕೈ, ನೋಡುವ ಕಣ್ಣು ಎರಡೂ ಒಬ್ಬರದೇ. (ಅವರಿಗೂ ದಿನಸಿ, ಕಾಗದ ಸಣ್ಣ ವಿಮಾನದಲ್ಲಿ ಬರುತ್ತಿತ್ತು. ನಮ್ಮ ಅಜ್ಜನಿಗೂ ಉಪ್ಪು ಸಂತೆಯಿಂದಲೇ ಬರಬೇಕು. ಸ್ವಾವಲಂಬನೆ ಅಂದರೆ ಯಾರೂ ಬೇಡ ಅನ್ನೋದಲ್ಲ, ಅಲ್ವಾ?)

ಮರುದಿನ ಕ್ಯಾಮೆರಾ ಹೊರಗೆ ತೆಗೆಯಲಿಲ್ಲ. "ನಂಗೂ ಕಲಿಸಿ ಅಜ್ಜಾ" ಅಂದೆ. ಎರಡು ದಿನ ಸೀಳಿದ ಮರದ ತಿರುಳು ಕೆರೆದೆ, ದಂಬೆ ಹೊತ್ತೆ, ಅದಕ್ಕೆ ಆಸರೆಯಾಗಿ ಕವೆಗೋಲು ನೆಟ್ಟೆ. ಇಳಿಜಾರು ಜಾಸ್ತಿಯಾದರೆ ನೀರು ಮುಂದಿನ ದಂಬೆಯನ್ನೇ ದಾಟಿ ಹಾರುತ್ತದೆ. ಕಮ್ಮಿಯಾದರೆ ತರಗೆಲೆ ಕೂರುತ್ತದೆ. ಅಜ್ಜ ಒಂದು ಚೊಂಬು ನೀರು ಸುರಿದು, ಅದು ಓಡುವ ರೀತಿ ನೋಡಿ, ಕವೆಗೋಲನ್ನು ಎರಡು ಬೆರಳಷ್ಟು ತಗ್ಗಿಸುತ್ತಿದ್ದರು. ಆ ಎರಡು ಬೆರಳು ನನ್ನ ಮೂರು ದಿನದ ಫೂಟೇಜಿನಲ್ಲಿ ಎಲ್ಲೂ ಇರಲಿಲ್ಲ.

ಈಗ ನನ್ನ ಜೊತೆ ಹೊಸದಾಗಿ ಕೆಲಸಕ್ಕೆ ಬಂದವರಿಗೆಲ್ಲ ಇದನ್ನೇ ಹೇಳುತ್ತೇನೆ: ಮೊದಲು ಅವರ ಕೆಲಸಕ್ಕೆ ಕೈ ಹಾಕಿ, ಕ್ಯಾಮೆರಾ ಆಮೇಲೆ.

ಐದನೇ ರಾತ್ರಿ ಊಟಕ್ಕೆ ಕೂತಿದ್ದೆವು. ಮಳೆ ನಿಂತು ಹೊಳವಾಗಿತ್ತು. ಕರೆಂಟ್ ಇಲ್ಲ, ಒಲೆಯ ಬೆಳಕು ಅಷ್ಟೇ. ಅಂಗಳದ ಕಲ್ಲುಮರಿಗೆಗೆ ಬೀಳುವ ನೀರಿನ ಸದ್ದು ಇದ್ದಕ್ಕಿದ್ದಂತೆ ತೆಳ್ಳಗಾಯಿತು. ಮೇಲೆ ಎಲ್ಲೋ ಎಲೆ ಸಿಕ್ಕಿಕೊಂಡಿದೆ. ನಾನು ತುತ್ತು ಬಿಟ್ಟು ಕ್ಯಾಮೆರಾ ಆನ್ ಮಾಡಿದೆ. ಅಜ್ಜ ತಟ್ಟೆಯಿಂದ ತಲೆ ಎತ್ತಿದ್ದು ಅದಾದ ಮೇಲೆ.