ಅಂಗಳದಡಿಯ ಹಂಚಿನ ಚೂರು

ಬದಿಯಡ್ಕದ ಕಡೆ ಮಣ್ಣು ಪರೀಕ್ಷೆ ಎಂದರೆ ಜನ ಮೊದಲು ಕೇಳುವುದು, "ಅಡಿಕೆಗೋ, ಬಾಳೆಗೋ?" ಮನೆಗೆ ಎಂದಾಗ ನಮ್ಮ ಮೇಸ್ತ್ರಿ ಬಾಯಲ್ಲಿದ್ದ ಎಲೆಯಡಿಕೆ ಉಗಿದು ಬಂದು ನಕ್ಕರು. "ಈ ಮುರಕಲ್ಲಿನ ಗುಡ್ಡೆಗೆ ಎಂತ ಟೆಸ್ಟ್ ಮಾರಾಯ್ರೆ? ಆನೆ ಕಟ್ಟಿದರೂ ಕುಸಿಯಲಿಕ್ಕಿಲ್ಲ."

ಅವರು ಹೇಳಿದ್ದರಲ್ಲಿ ಅರ್ಧ ನಿಜ. ಕಾಸರಗೋಡಿನ ಮನೆಗಳು ನಿಂತಿರುವುದೂ ಮುರಕಲ್ಲಿನ, ಅಂದರೆ ಕೆಂಪು ಜಂಬಿಟ್ಟಿಗೆ ಕಲ್ಲಿನ ಮೇಲೆ, ಎದ್ದಿರುವುದೂ ಅದರಿಂದಲೇ. 1807ರ ಸುಮಾರಿಗೆ ಸ್ಕಾಟ್ಲೆಂಡಿನ ವೈದ್ಯ ಫ್ರಾನ್ಸಿಸ್ ಬುಕಾನನ್ ಇದಕ್ಕೆ ಲ್ಯಾಟರೈಟ್ ಎಂದು ಹೆಸರಿಟ್ಟದ್ದು ಮಲಬಾರಿನ ಅಂಗಾಡಿಪುರದಲ್ಲಿ ಕಂಡ ಕಲ್ಲನ್ನು ಹಿಡಿದು. ಲ್ಯಾಟಿನ್ನಿನಲ್ಲಿ ‘ಲೇಟರ್’ ಎಂದರೆ ಇಟ್ಟಿಗೆ. ನನಗೂ ಕಲ್ಲಿನ ಮೇಲೆ ಅದೇ ಭರವಸೆ ಇತ್ತು, ಭಾವನ ಮನೆಯ ಅಡುಗೆಕೋಣೆ ನೋಡುವ ತನಕ.

ಭಾವ ಗುಡ್ಡೆಯ ಓರೆಯನ್ನು ಜೆಸಿಬಿಯಲ್ಲಿ ಕಡಿಸಿ, ಆ ಮಣ್ಣನ್ನೇ ಕೆಳಬದಿಗೆ ದೂಡಿಸಿ ಜಾಗ ತಟ್ಟು ಮಾಡಿಸಿದ್ದರು. ಅರ್ಧ ಮನೆ ಕಡಿದ ನೆಲದ ಮೇಲೆ, ಅರ್ಧ ಹಾಕಿದ ಮಣ್ಣಿನ ಮೇಲೆ. ಎರಡನೇ ಮಳೆಗಾಲಕ್ಕೆ ಕಿಟಕಿಯ ಮೂಲೆಯಿಂದ ಬಿರುಕು ಹೊರಟಿತು, ಕಲ್ಲಿನ ಸಂದು ಹಿಡಿದು ಮೆಟ್ಟಿಲು ಮೆಟ್ಟಿಲಾಗಿ. ಅದರ ತುದಿಗೆ ಪೆನ್ಸಿಲಿನಲ್ಲಿ ಗೀಟು ಎಳೆದು ತಾರೀಕು ಬರೆದಿದ್ದರು: ಜೂನ್ 19, ಜುಲೈ 2, ಜುಲೈ 11. ಕೊನೆಯ ಗೀಟಿಗೆ ನನ್ನ ಕೈ ಎಟಕಲಿಲ್ಲ. "ಇಡೀ ಮನೆ ಒಟ್ಟಿಗೆ ಕೂತಿದ್ದರೆ ಇಷ್ಟು ಆಗ್ತಿರಲಿಲ್ಲವಂತೆ. ಒಂದೇ ಬದಿ ಕೂತದ್ದು ತೊಂದರೆ" ಎಂದರು ಭಾವ.

ನಮ್ಮ ಜಾಗಕ್ಕೂ ಓರೆ ಇತ್ತು. ಆದರೆ ಅದನ್ನು ತಟ್ಟು ಮಾಡಿದ್ದು ಅಜ್ಜನ ಕಾಲದಲ್ಲಿ, ಇಷ್ಟು ಮಳೆಗಾಲ ಕಳೆದು ಮಣ್ಣು ಗಟ್ಟಿಯಾಗಿರಬೇಕು ಎಂಬುದು ಅಪ್ಪನ ವಾದ. ಅವರು ತಮ್ಮದೇ ಪರೀಕ್ಷೆಯನ್ನೂ ಮಾಡಿ ಮುಗಿಸಿದ್ದರು: ಒಂದು ಕೈ ಆಳಕ್ಕೆ ಗುಂಡಿ ತೋಡಿ, ತೆಗೆದ ಮಣ್ಣನ್ನೇ ತಿರುಗಿ ತುಂಬುವುದು. ಮಣ್ಣು ಮಿಕ್ಕಿದರೆ ಉತ್ತಮ, ಸಾಲದೆ ಬಂದರೆ ಅಲ್ಲಿ ಮನೆ ಬೇಡ. ಎರಡು ಬುಟ್ಟಿ ಮಿಕ್ಕಿತ್ತು. ನಕ್ಷೆ ಬರೆದ ಇಂಜಿನಿಯರ್ ಹುಡುಗಿ ನಗಲಿಲ್ಲ. "ಒತ್ತಾಗಿರುವ ಮಣ್ಣು ಸಡಿಲಿಸಿದರೆ ಉಬ್ಬುತ್ತದೆ, ಲೆಕ್ಕ ಸರಿಯೇ ಇದೆ. ಆದರೆ ಯಾವ ಮೂಲೆಯಲ್ಲಿ ತೋಡಿದಿರಿ?" ಅಪ್ಪ ತೋಡಿದ್ದು ಗುಡ್ಡೆಯ ಬದಿ, ಉತ್ತರಕ್ಕೆ.

ಮಾರ್ಚಿಯಲ್ಲಿ ಪರೀಕ್ಷೆಯವರು ಬಂದರು. ಮೂರು ಕಾಲಿನ ಕಬ್ಬಿಣದ ಚೌಕಟ್ಟು, ಹಗ್ಗ, ಅರುವತ್ತಮೂರೂವರೆ ಕಿಲೋದ ಸುತ್ತಿಗೆ. ಕೊರೆದ ತೂತಿಗೆ ಉದ್ದಕ್ಕೆ ಸೀಳಿ ತೆರೆಯಬಹುದಾದ ಕೊಳವೆ ಇಳಿಸಿ, ಸುತ್ತಿಗೆಯನ್ನು 75 ಸೆಂಟಿಮೀಟರ್ ಎತ್ತಿ ಬಿಡುವುದು. ಮೊದಲ 15 ಸೆಂಟಿಮೀಟರ್ ಲೆಕ್ಕಕ್ಕಿಲ್ಲ. ಆಮೇಲಿನ 30 ಇಳಿಯಲು ಎಷ್ಟು ಏಟು ಬೇಕೋ ಅದೇ ನೆಲದ ಗಟ್ಟಿತನ. ಇಷ್ಟೇ ವಿದ್ಯೆ. ನಾನು ಇನ್ನೇನೋ ದೊಡ್ಡ ಯಂತ್ರ ಬರುತ್ತದೆಂದು ನೆರೆಮನೆಯವರನ್ನೂ ಕರೆದಿದ್ದೆ.

ಉತ್ತರದಲ್ಲಿ ಒಂದೂವರೆ ಮೀಟರಿಗೇ 50 ಏಟು ದಾಟಿತು. ಕೊಳವೆ ಇಳಿಯಲೊಲ್ಲದು. ಮೇಸ್ತ್ರಿ ನನ್ನತ್ತ ನೋಡಿ ಹುಬ್ಬು ಹಾರಿಸಿದರು. ಆದರೆ ಹುಡುಗಿ ಅಲ್ಲಿಗೆ ನಿಲ್ಲಿಸಲು ಬಿಡಲಿಲ್ಲ, ಕಲ್ಲು ಕೊರೆಸಿ ಇನ್ನೂ ಕೆಳಗೆ ನೋಡಿಸಿದಳು. ಮುರಕಲ್ಲಿನ ಅಡಿಯಲ್ಲಿ ಶೇಡಿ ಮಣ್ಣಿರುವುದು ಬಾವಿ ತೋಡುವವರಿಗೆಲ್ಲ ಗೊತ್ತು. ಒಣಗಿದ್ದಾಗ ಗುದ್ದಲಿಗೆ ಜಗ್ಗದ ಆ ಬಿಳಿ, ಗುಲಾಬಿ ಮಣ್ಣು ನೀರು ಕುಡಿದರೆ ಸತ್ತ ಹಾಗೆ. ಇಲ್ಲಿ ಕಲ್ಲಿನ ಪದರ ಸಾಕಷ್ಟು ದಪ್ಪವಿತ್ತು.

ದಕ್ಷಿಣದ ತೂತಿನಲ್ಲಿ, ಒಂದೂವರೆ ಮೀಟರಿನಲ್ಲಿ, ನಾನು ಎಣಿಸಲು ಸುರುಮಾಡಿ ಐದಕ್ಕೆ ಮುಗಿಯಿತು. ಎಲ್ಲೋ ತಪ್ಪಿತೆಂದುಕೊಂಡೆ. ಮೂರು ಮೀಟರಿನಲ್ಲಿ ಆರು. ಕೊಳವೆ ತೆರೆದರೆ ಸಡಿಲ ಕೆಂಪುಮಣ್ಣು, ಅದರ ನಡುವೆ ಹೆಬ್ಬೆರಳಷ್ಟು ಮಂಗಳೂರು ಹಂಚಿನ ಚೂರು.

ಅಪ್ಪ ಅದನ್ನು ಕೈಯಲ್ಲಿ ತಿರುಗಿಸಿ ನೋಡಿದರು. "ಹಟ್ಟಿಯದ್ದು" ಎಂದರು. ಹಳೆಯ ದನದ ಹಟ್ಟಿ ಬಿದ್ದಾಗ ಹಂಚು, ಗೊಬ್ಬರ, ಕೊಳೆತ ಪಕ್ಕಾಸು ಎಲ್ಲವನ್ನೂ ಅಲ್ಲಿದ್ದ ತಗ್ಗಿಗೆ ಹಾಕಿ ಮೇಲೆ ಮಣ್ಣು ಎಳೆದದ್ದಂತೆ. ಅಲ್ಲೊಂದು ತಗ್ಗು ಇತ್ತೆಂಬುದನ್ನೇ ಅವರು ಮರೆತಿದ್ದರು. ನಕ್ಷೆಯ ಪ್ರಕಾರ ನಮ್ಮ ಅಡುಗೆಕೋಣೆ ಸರಿಯಾಗಿ ಅದರ ಮೇಲೆ ಬರುತ್ತಿತ್ತು.

ಎರಡು ದಾರಿ ಇತ್ತು. ಆ ಬದಿಯ ಪಂಚಾಂಗವನ್ನು, ಎಂದರೆ ಅಡಿಪಾಯವನ್ನು, ಗಟ್ಟಿ ನೆಲ ಸಿಗುವ ತನಕ ಇಳಿಸುವುದು, ಇಲ್ಲವೇ ಮನೆಯನ್ನೇ ಉತ್ತರಕ್ಕೆ ಸರಿಸುವುದು. ಮೊದಲನೆಯದಕ್ಕೆ ನನ್ನ ಕಿಸೆ ಒಪ್ಪಲಿಲ್ಲ. ಇಪ್ಪತ್ತು ಅಡಿ ಸರಿಸಿದೆವು. ಆಯ ತಪ್ಪಿತೆಂದು ವಾಸ್ತುವಿನವರು ಮತ್ತೊಮ್ಮೆ ಬಂದು ಅಳೆದರು, ದಕ್ಷಿಣೆಯೂ ಮತ್ತೊಮ್ಮೆ ಆಯಿತು. ಅಡ್ಡ ಬಂದ ಹಲಸಿನ ಮರ ಕಡಿದ ದಿನ ಅಪ್ಪ ನನ್ನೊಡನೆ ಮಾತಾಡಲಿಲ್ಲ. ಅಜ್ಜ ನೆಟ್ಟ ಮರ, ಬಕ್ಕೆ ಹಲಸು.

ಹೊಸ ಮನೆಗೆ ಇದು ಎರಡನೇ ಮಳೆಗಾಲ. ಹಟ್ಟಿಯ ತಗ್ಗು ಈಗ ಅಂಗಳದ ತುದಿ. ಜುಲೈಯ ದೊಡ್ಡ ಮಳೆಗೆ ಅಲ್ಲಿ ನೆಲ ಒಂದು ಗೇಣು ಕೂತು, ತುಳಸಿಕಟ್ಟೆ ತೋಟದ ಕಡೆಗೆ ವಾಲಿದೆ. ಅದನ್ನು ನೇರ ಮಾಡಿಸು ಎಂದು ಅಮ್ಮ ದಿನಾ ದೀಪ ಇಡುವಾಗ ಹೇಳುತ್ತಾಳೆ. ಮೇಸ್ತ್ರಿಯನ್ನು ಕರೆದಿದ್ದೇನೆ, ಮಳೆ ಬಿಟ್ಟ ಮೇಲೆ ಬರುತ್ತಾರಂತೆ.