ಸೋಫಿಯಾದಿಂದ ಬಂದ ಜಿಪ್ ಫೈಲು

2009ರಲ್ಲಿ ನಾನು ಬೆಂಗಳೂರಿನ ಒಂದು ಸರ್ವಿಸ್ ಕಂಪನಿಯಲ್ಲಿ ಡಾಟ್ ನೆಟ್, ಅಂದ್ರೆ ಮೈಕ್ರೋಸಾಫ್ಟ್‌ನ ಪ್ರೋಗ್ರಾಮ್ ಬರೆಯೋ ವ್ಯವಸ್ಥೆಯಲ್ಲಿ ಕೆಲಸ ಮಾಡ್ತಿದ್ದೆ. ಕ್ಲೈಂಟ್‌ಗೆ ಒಂದು ಸ್ಕ್ರೀನ್ ಬೇಕಿತ್ತು, ದೊಡ್ಡ ಟೇಬಲ್ಲು, ಮೇಲ್ಗಡೆ ಫಿಲ್ಟರ್, ಕೆಳಗಡೆ ಪೇಜ್ ನಂಬರು. ಅದಕ್ಕೆ ಟೆಲೆರಿಕ್ ಅನ್ನೋ ಕಂಪನಿಯವರ ರಾಡ್‌ಗ್ರಿಡ್, ಅಂದ್ರೆ ರೆಡಿಮೇಡ್ ಟೇಬಲ್ಲು, ಹಾಕಿದ್ವಿ. ಫಿಲ್ಟರ್ ಟೈಪ್ ಮಾಡಿದ್ರೆ ಕೆಲಸ ಮಾಡ್ತಿತ್ತು, ಆದ್ರೆ ಎರಡನೇ ಪೇಜ್ ಒತ್ತಿದ ತಕ್ಷಣ ಫಿಲ್ಟರ್ ಹಾರಿಹೋಗಿ ಪೂರ್ತಿ ಡೇಟಾ ಮತ್ತೆ ಬಂದು ಕೂರೋದು. ಎರಡು ರಾತ್ರಿ ಅದರ ಹಿಂದೆ ಬಿದ್ದೆ, ಏನೂ ಗೊತ್ತಾಗ್ಲಿಲ್ಲ, ಕೊನೆಗೆ ಬೇರೆ ದಾರಿ ಇಲ್ದೆ ಟೆಲೆರಿಕ್ ಸೈಟ್‌ನಲ್ಲಿ ಸಹಾಯ ಕೇಳಿ ಒಂದು ಟಿಕೆಟ್ ಹಾಕಿ ಮನೆಗೆ ಹೋದೆ.

ಮಾರನೇ ದಿನ ಊಟ ಮುಗಿಸಿ ಬರೋ ಹೊತ್ತಿಗೆ ಉತ್ತರ ಬಂದಿತ್ತು, ಜೊತೆಗೆ ಒಂದು ಜಿಪ್ ಫೈಲು. ಬಿಚ್ಚಿ ನೋಡಿದ್ರೆ ನಮ್ಮ ಸ್ಕ್ರೀನ್ ಥರದ್ದೇ ಒಂದು ಪುಟ್ಟ ಪ್ರಾಜೆಕ್ಟ್ ಕಟ್ಟಿ ಕಳಿಸಿದಾರೆ, ಓಡಿಸಿದ್ರೆ ಓಡುತ್ತೆ. ತಪ್ಪು ನಮ್ಮದೇ. ಪೇಜ್ ಲೋಡ್ ಆದಾಗೆಲ್ಲ ನಾವು ಗ್ರಿಡ್‌ಗೆ ಹೊಸದಾಗಿ ಡೇಟಾ ಬೈಂಡ್ ಮಾಡ್ತಿದ್ವಿ, ಅಂದ್ರೆ ತುಂಬಿಸ್ತಿದ್ವಿ, ಹಾಗೆ ಮಾಡದೆ ನೀಡ್‌ಡೇಟಾಸೋರ್ಸ್ ಅನ್ನೋ ಇವೆಂಟ್‌ನಲ್ಲಿ ಕೊಟ್ರೆ ಗ್ರಿಡ್ಡೇ ತನಗೆ ಬೇಕಾದಾಗ ಕೇಳಿ ತಗೊಳ್ಳುತ್ತೆ ಅಂತ ಬಿಡಿಸಿ ಬರ್ದಿದ್ರು. ಸ್ಕ್ರಿಪ್ಟ್ ನೋಡ್ಕೊಂಡು ಓದೋ ಕಾಲ್ ಸೆಂಟರ್ ಉತ್ತರ ಅಲ್ಲ ಅದು, ಆ ಗ್ರಿಡ್ಡಿನ ಮೇಲೇ ಕೆಲಸ ಮಾಡೋರು ಕೂತು ಬರ್ದಿದ್ದು. ಕೆಳಗಿದ್ದ ಹೆಸರು ನೋಡಿ ರಷ್ಯಾದವರಿರಬೇಕು ಅಂದ್ಕೊಂಡೆ. ಅಲ್ಲಿ ತನಕ ಟೆಲೆರಿಕ್ ಅಂದ್ರೆ ಅಮೆರಿಕದ್ದೇ ಕಂಪನಿ ಅಂತ ನಮ್ಮ ಟೀಮಲ್ಲಿ ಎಲ್ರೂ ನಂಬಿದ್ವಿ. ಹುಡುಕಿ ನೋಡಿದ್ರೆ ಬಲ್ಗೇರಿಯಾ, ಊರು ಸೋಫಿಯಾ.

ಅವತ್ತಿಂದ ಆ ಕಂಪನಿ ಕಟ್ಟಿದವರ ಮೇಲೆ ನನಗೆ ಒಂದು ಕಣ್ಣು, ಅದರಲ್ಲೂ ವಾಸಿಲ್ ತೆರ್ಜಿಯೆವ್ ಮೇಲೆ. ಈಗ ಅವರು ಸೋಫಿಯಾದ ಮೇಯರ್. ಇವರ ಬಗ್ಗೆ ಕನ್ನಡದಲ್ಲಿ ಬರೀಬೇಕು ಅಂತ ಬಹಳ ದಿನದಿಂದ ಮನಸ್ಸಲ್ಲಿತ್ತು, ಯಾಕಂದ್ರೆ ಇವರ ಕೋಡ್ ಉಪಯೋಗಿಸಿ ಅನ್ನ ತಿಂದವರು ನಮ್ಮೂರಲ್ಲಿ ತುಂಬಾ ಜನ ಇದೀವಿ.

ತೆರ್ಜಿಯೆವ್ ಹುಟ್ಟಿದ್ದು 1978ರಲ್ಲಿ, ಸೋಫಿಯಾದಲ್ಲೇ. ಆಗ ಅಲ್ಲಿ ಕಮ್ಯುನಿಸ್ಟ್ ಆಡಳಿತ. ತೊದೊರ್ ಝಿವ್ಕೊವ್ ಅನ್ನೋರು 1954ರಿಂದ ಅಧಿಕಾರದಲ್ಲಿದ್ದು 1989ರ ನವೆಂಬರ್‌ನಲ್ಲಿ ಇಳಿದಾಗ ಈ ಹುಡುಗನಿಗೆ 11 ವರ್ಷ. ಆ ದೇಶದ ಬಗ್ಗೆ ನಮಗೆ ಹೆಚ್ಚು ಗೊತ್ತಿಲ್ಲದ ಸಂಗತಿ ಒಂದಿದೆ, ಸೋವಿಯತ್ ಬಣದ ದೇಶಗಳು ಕೆಲಸ ಹಂಚ್ಕೊಂಡಾಗ ಬಲ್ಗೇರಿಯಾದ ಪಾಲಿಗೆ ಬಂದದ್ದರಲ್ಲಿ ಕಂಪ್ಯೂಟರ್ ದೊಡ್ಡದು. ಝಿವ್ಕೊವ್ ಅವರ ಹುಟ್ಟೂರು ಪ್ರಾವೆಟ್ಸ್‌ನಲ್ಲಿ ಅದೇ ಊರಿನ ಹೆಸರಿಟ್ಟು ಪರ್ಸನಲ್ ಕಂಪ್ಯೂಟರ್ ಮಾಡ್ತಿದ್ರು, ಶುರುವಿನ ಮಾಡೆಲ್‌ಗಳು ಆಪಲ್ 2ರ ನಕಲು, ಅವೇ ಶಾಲೆಗಳಿಗೂ ಹೋಗ್ತಿದ್ವು. ಮಕ್ಕಳ ಅಂತರರಾಷ್ಟ್ರೀಯ ಇನ್ಫರ್ಮ್ಯಾಟಿಕ್ಸ್ ಒಲಿಂಪಿಯಾಡ್ ಮೊಟ್ಟಮೊದಲು ನಡೆದದ್ದು ಕೂಡ ಅದೇ ಪ್ರಾವೆಟ್ಸ್‌ನಲ್ಲಿ, 1989ರಲ್ಲಿ. ಅದೇ ಹೊತ್ತಿಗೆ ಲೋಕದ ತುಂಬ ಹರಡಿದ ಕಂಪ್ಯೂಟರ್ ವೈರಸ್‌ಗಳಲ್ಲಿ ಎಷ್ಟೋ ಬಲ್ಗೇರಿಯಾದಿಂದ ಬಂದಿದ್ವು. ಕಲಿತ ಕೈ ಬೇಕಾದಷ್ಟಿತ್ತು, ಆ ಕೈಗೆ ಕೆಲಸ ಇರ್ಲಿಲ್ಲ.

ಆಮೇಲೆ ಬಂದದ್ದು ಕೆಟ್ಟ ಕಾಲ. ಫ್ಯಾಕ್ಟರಿಗಳು ಮುಚ್ಚಿದ್ವು, ಬ್ಯಾಂಕ್‌ಗಳು ಮುಳುಗಿದ್ವು, 1997ರ ಫೆಬ್ರವರಿ ಒಂದೇ ತಿಂಗಳಲ್ಲಿ ಸಾಮಾನಿನ ಬೆಲೆ ಮೂರು ಪಟ್ಟಿಗಿಂತ ಜಾಸ್ತಿ ಆಯ್ತು, ಅಂದ್ರೆ ತಿಂಗಳ ಶುರುವಲ್ಲಿ ಕೈಗೆ ಬಂದ ಸಂಬಳ ತಿಂಗಳ ಕೊನೆಗೆ ಕಾಗದ. ತೆರ್ಜಿಯೆವ್‌ಗೆ ಆಗ 18 ವರ್ಷ. ಆ ವಯಸ್ಸಲ್ಲಿ ಅದನ್ನ ನೋಡಿದ ತಲೆಮಾರು ಮಾಡಿದ್ದೇನು ಅಂದ್ರೆ ಊರು ಬಿಟ್ಟಿದ್ದು. ನಮ್ಮ ಕಡೆ ಬರ ಬಂದ ವರ್ಷ ಗುಳೆ ಹೋಗ್ತಾರಲ್ಲ, ಹಾಗೆ ಒಂದು ದೇಶವೇ ಗುಳೆ ಎದ್ದುಬಿಡ್ತು. ಜರ್ಮನಿ, ಸ್ಪೇನ್, ಅಮೆರಿಕ, ಎಲ್ಲಿ ಕರೆದ್ರೆ ಅಲ್ಲಿಗೆ. 1980ರ ದಶಕದ ಕೊನೆಗೆ 90 ಲಕ್ಷದ ಹತ್ತಿರ ಇದ್ದ ಜನಸಂಖ್ಯೆ 2021ರ ಜನಗಣತಿಗೆ 65 ಲಕ್ಷಕ್ಕೆ ಬಂದು ನಿಂತಿತ್ತು. ಹುಟ್ಟೋ ಮಕ್ಕಳು ಕಡಿಮೆಯಾದದ್ದೂ ಒಂದು ಕಾರಣ, ಆದ್ರೆ ಹೋದೋರು ಲಕ್ಷ ಲಕ್ಷ.

ತೆರ್ಜಿಯೆವ್ ಹೋಗ್ಲಿಲ್ಲ. ಅಮೆರಿಕದ ಥರ ಓದಿದ್ರು, ಆದ್ರೆ ಬಲ್ಗೇರಿಯಾದ ಒಳಗೇ, ಬ್ಲಾಗೊಯೆವ್‌ಗ್ರಾದ್ ಅನ್ನೋ ಊರಿನ ಅಮೆರಿಕನ್ ಯೂನಿವರ್ಸಿಟಿ ಇನ್ ಬಲ್ಗೇರಿಯಾದಲ್ಲಿ. 1991ರಲ್ಲಿ ಶುರುವಾದ ಆ ಯೂನಿವರ್ಸಿಟಿ ಕ್ಲಾಸ್ ನಡೆಸ್ತಿದ್ದದ್ದು ಹಿಂದೆ ಕಮ್ಯುನಿಸ್ಟ್ ಪಾರ್ಟಿಯ ಆಫೀಸ್ ಆಗಿದ್ದ ಕಟ್ಟಡದಲ್ಲಿ. ಪಾರ್ಟಿ ಸಭೆ ನಡೀತಿದ್ದ ಜಾಗದಲ್ಲಿ ಹುಡುಗ್ರು ಕೂತು ಬಿಸಿನೆಸ್ ಓದ್ತಿದ್ರು ಅನ್ನೋದನ್ನ ಮೊದಲ ಸಲ ಓದಿದಾಗ ನಾನು ಸ್ವಲ್ಪ ಹೊತ್ತು ಸುಮ್ನೆ ಕೂತಿದ್ದೆ.

2002ರಲ್ಲಿ ನಾಲ್ಕು ಜನ ಸೇರಿ ಟೆಲೆರಿಕ್ ಶುರು ಮಾಡಿದ್ರು, ವಾಸಿಲ್ ತೆರ್ಜಿಯೆವ್, ಸ್ವೆತೊಜಾರ್ ಗಿಯೋರ್ಗಿಯೆವ್, ಬೊಯ್ಕೊ ಯಾರಾಮೊವ್, ಹ್ರಿಸ್ತೊ ಕೋಸೆವ್. ಮೊದಲಿನ ಇಬ್ಬರು ಮುಂದೆ ಜಂಟಿ ಸಿಇಓ ಆಗಿ ಕಂಪನಿ ನಡೆಸಿದ್ರು, ಒಂದು ಕುರ್ಚಿಗೆ ಇಬ್ಬರು, ಅಂಥದ್ದು ಬಾಳೋದು ಅಪರೂಪ, ಇವರದ್ದು ಬಾಳ್ತು. ಅದೇ ವರ್ಷ ಫೆಬ್ರವರಿಯಲ್ಲಿ ಮೈಕ್ರೋಸಾಫ್ಟ್ ಡಾಟ್ ನೆಟ್‌ನ ಮೊದಲ ವರ್ಷನ್ ಬಿಡುಗಡೆ ಮಾಡಿತ್ತು. ಲೋಕದ ತುಂಬ ಡೆವಲಪರ್‌ಗಳು ಅದಕ್ಕೆ ಹಾರಿದ್ರು, ಆದ್ರೆ ಅದರಲ್ಲಿ ಮೈಕ್ರೋಸಾಫ್ಟ್ ಕೊಟ್ಟ ಗ್ರಿಡ್ಡು, ಟೆಕ್ಸ್ಟ್ ಬಾಕ್ಸು ಎಲ್ಲ ಸಪ್ಪೆ. ವರ್ಡ್ ಥರ ಬೋಲ್ಡ್ ಇಟಾಲಿಕ್ ಮಾಡೋ ಎಡಿಟರ್ ವೆಬ್‌ಪೇಜ್‌ನಲ್ಲಿ ಬೇಕು ಅಂದ್ರೆ ನೀವೇ ಬರ್ಕೋಬೇಕು, ಬರ್ದ್ರೂ ಒಂದು ಬ್ರೌಸರ್‌ನಲ್ಲಿ ಓಡಿದ್ದು ಇನ್ನೊಂದರಲ್ಲಿ ಓಡಲ್ಲ. ಇವರು ಆ ಬಿಡಿಭಾಗಗಳನ್ನ ಚೆನ್ನಾಗಿ ಮಾಡಿ ಮಾರೋಕೆ ನಿಂತ್ರು, ಎಡಿಟರ್, ಮೆನು, ಕೊಂಬೆ ಥರ ಬಿಚ್ಕೊಳ್ಳೋ ಪಟ್ಟಿ (ಟ್ರೀ ವ್ಯೂ), ಆಮೇಲೆ ಗ್ರಿಡ್. ಮನೆ ಕಟ್ಟೋನಿಗೆ ಬಾಗಿಲು ಕಿಟಕಿ ಮಾಡಿ ಕೊಡೋ ಬಡಗಿ ಥರ ಅನ್ಕೊಳ್ಳಿ. ಮಾರಿದ್ದೆಲ್ಲ ಇಂಟರ್ನೆಟ್‌ನಲ್ಲಿ, ಕೊಂಡೋರು ಬಹುಪಾಲು ಹೊರಗಿನವರು, ಸೋಫಿಯಾದ ಮಾರ್ಕೆಟ್ ನಂಬಿಕೊಂಡಿದ್ರೆ ಒಂದು ವರ್ಷವೂ ನಡೀತಿರ್ಲಿಲ್ಲ.

ಹೆಸರಿನ ಕತೆ ಹೇಳ್ಲೇಬೇಕು. 8ನೇ ಶತಮಾನದಲ್ಲಿ ತೆಲೆರಿಗ್ ಅನ್ನೋ ಬಲ್ಗರ್ ರಾಜ ಇದ್ದ. ಅವನ ಆಸ್ಥಾನದ ತುಂಬ ಬೈಜಾಂಟೈನ್ ಚಕ್ರವರ್ತಿ ಐದನೇ ಕಾನ್‌ಸ್ಟಂಟೈನ್‌ನ ಗೂಢಚಾರರು, ಯಾರು ಅಂತ ಗೊತ್ತಿಲ್ಲ. ತೆಲೆರಿಗ್ ಏನು ಮಾಡ್ದ ಅಂದ್ರೆ ಚಕ್ರವರ್ತಿಗೇ ಒಂದು ಕಾಗದ ಬರ್ದ, ನನಗೆ ಇಲ್ಲಿ ಉಳಿಗಾಲ ಇಲ್ಲ, ಓಡಿ ನಿಮ್ಮ ಹತ್ರಾನೇ ಬಂದುಬಿಡ್ತೀನಿ, ಇಲ್ಲಿ ನಿಮ್ಮ ನಂಬಿಕೆಯ ಜನ ಯಾರ್ಯಾರು ಅಂತ ಹೇಳಿದ್ರೆ ಅವರ ಸಹಾಯ ತಗೋತೀನಿ ಅಂತ. ಚಕ್ರವರ್ತಿ ನಂಬಿ ಪಟ್ಟಿ ಕಳಿಸ್ದ. ತೆಲೆರಿಗ್ ಆ ಪಟ್ಟಿ ಹಿಡ್ಕೊಂಡು ಅಷ್ಟೂ ಜನರನ್ನ ಮುಗಿಸ್ದ. ಬಲ್ಗೇರಿಯಾದವರಿಗೆ ಟೆಲೆರಿಕ್ ಅಂದ್ರೆ ನೆನಪಾಗೋದು ಈ ರಾಜನೇ. ದೊಡ್ಡ ಸಾಮ್ರಾಜ್ಯದ ಪಕ್ಕದಲ್ಲಿ ಬದುಕಬೇಕಾದ ಸಣ್ಣವನು ಬಲದಿಂದಲ್ಲ, ತಲೆಯಿಂದ ಬದುಕ್ದ, ಮೈಕ್ರೋಸಾಫ್ಟ್ ಪಕ್ಕದಲ್ಲಿ ಅಂಗಡಿ ಇಟ್ಟವರಿಗೆ ಇದಕ್ಕಿಂತ ಒಪ್ಪೋ ಹೆಸರು ನನಗಂತೂ ತೋಚಲ್ಲ.

ಇನ್ನು ಸಪೋರ್ಟ್ ವಿಷಯ. ನನ್ನ ಜಿಪ್ ಫೈಲಿನ ಅನುಭವ ನನಗೊಬ್ಬನಿಗೇ ಆದದ್ದಲ್ಲ, ಅದು ಅವರು ಹಾಕ್ಕೊಂಡ ಪದ್ಧತಿ. ನೀವು ಬಗ್ ಹುಡುಕಿ ಕೊಟ್ರೆ ಟೆಲೆರಿಕ್ ಪಾಯಿಂಟ್ಸ್ ಅಂತ ನಿಮ್ಮ ಅಕೌಂಟ್‌ಗೆ ಸೇರಿಸೋರು, ಮುಂದಿನ ಸಲ ಲೈಸೆನ್ಸ್ ತಗೊಳ್ಳುವಾಗ ಅಷ್ಟು ದುಡ್ಡು ಕಡಿಮೆ. ತಪ್ಪು ತೋರಿಸಿದವನಿಗೆ ದುಡ್ಡು ಕೊಡೋದು! ನಮ್ಮ ಟೀಮಲ್ಲಿ ಒಬ್ಬ ಅದನ್ನೇ ಹಟಕ್ಕೆ ಬಿದ್ದು ಹುಡುಕ್ತಿದ್ದ. ಸೋಫಿಯಾ ಚಳಿಗಾಲದಲ್ಲಿ ನಮಗಿಂತ ಮೂರೂವರೆ ಗಂಟೆ ಹಿಂದೆ, ಬೇಸಿಗೆಯಲ್ಲಿ ಎರಡೂವರೆ, ಹಾಗಾಗಿ ಅಮೆರಿಕದವರಿಗೆ ಕಾಯೋ ಹಾಗೆ ರಾತ್ರಿ ತನಕ ಕಾಯಬೇಕಿರ್ಲಿಲ್ಲ, ನಮ್ಮ ಮಧ್ಯಾಹ್ನ ಅವರ ಬೆಳಗ್ಗೆ.

ಆ ದಿನಗಳಲ್ಲಿ ನನ್ನನ್ನ ಕಾಡ್ತಿದ್ದ ಪ್ರಶ್ನೆ ಒಂದೇ. ನಮ್ಮ ಆಫೀಸಲ್ಲೂ ಒಳ್ಳೊಳ್ಳೆ ತಲೆಗಳಿದ್ವು, ಸೋಫಿಯಾದವರಿಗಿಂತ ಒಂದು ಕೂದಲೂ ಕಡಿಮೆ ಇಲ್ಲದ ಹುಡುಗ ಹುಡುಗಿಯರು. ಆದ್ರೆ ನಾವು ಗಂಟೆ ಲೆಕ್ಕದಲ್ಲಿ ನಮ್ಮ ಸಮಯ ಮಾರ್ತಿದ್ವಿ, ಬರ್ದ ಕೋಡ್ ಕ್ಲೈಂಟ್‌ಗೆ ಹೋಗ್ತಿತ್ತು, ಪ್ರಾಜೆಕ್ಟ್ ಮುಗೀತು ಅಂದ್ರೆ ನಮ್ಮ ಕೈಯಲ್ಲಿ ಏನೂ ಉಳೀತಿರ್ಲಿಲ್ಲ. ಅವರು ಒಂದು ಸಲ ಬರ್ದ ಗ್ರಿಡ್ಡನ್ನ ಸಾವಿರಾರು ಜನಕ್ಕೆ ಮಾರ್ತಿದ್ರು, ವರ್ಷ ವರ್ಷ ಅದನ್ನೇ ತಿದ್ದಿ ತೀಡಿ ಇನ್ನೂ ಚೆನ್ನಾಗಿ ಮಾಡ್ತಿದ್ರು. ಒಂದು ಸಲ ಮೀಟಿಂಗಲ್ಲಿ ನಾನು, ನಾವೇ ಯಾಕೆ ಗ್ರಿಡ್ ಥರದ ಒಂದು ಬಿಡಿಭಾಗ ಮಾಡಿ ಮಾರಬಾರದು ಅಂತ ಕೇಳಿದ್ದಕ್ಕೆ, ಬಿಲ್ ಆಗದ ಕೆಲಸಕ್ಕೆ ಟೈಮ್ ಇಲ್ಲ ಅಂತ ಮಾತು ಮುಗಿಸಿಬಿಟ್ರು. ಅದು ಇವತ್ತಿಗೂ ನನಗೆ ನೋವೇ.

2008ರಲ್ಲಿ ಅಮೆರಿಕದ ಸಮ್ಮಿಟ್ ಪಾರ್ಟ್‌ನರ್ಸ್ ಟೆಲೆರಿಕ್‌ನಲ್ಲಿ ಹಣ ಹಾಕ್ತು. ಅದಕ್ಕಿಂತ ದೊಡ್ಡ ವಿಷಯ ನನ್ನ ಪ್ರಕಾರ ಮಾರನೇ ವರ್ಷದ್ದು, 2009ರಲ್ಲಿ ಶುರು ಮಾಡಿದ ಟೆಲೆರಿಕ್ ಅಕಾಡೆಮಿ. ಕಂಪನಿ ಬೆಳೀತಾ ಇತ್ತು, ಪ್ರೋಗ್ರಾಮರ್ ಸಿಗ್ತಿರ್ಲಿಲ್ಲ, ಇದ್ದವರಲ್ಲಿ ಎಷ್ಟೋ ಜನ ಹೊರದೇಶಕ್ಕೆ ಹೋಗಿದ್ರು. ಇವರು ತಾವೇ ಕಲಿಸೋಕೆ ಕೂತ್ರು, ಪುಕ್ಕಟೆಯಾಗಿ. ಪರೀಕ್ಷೆ ಬರ್ದು ಒಳಗೆ ಬರಬೇಕು, ಬಂದ ಮೇಲೆ ಪರೀಕ್ಷೆ ಮೇಲೆ ಪರೀಕ್ಷೆ, ಗಟ್ಟಿಯಾದವರು ಉಳೀತಾರೆ. ಕಲಿತವರೆಲ್ಲ ಟೆಲೆರಿಕ್‌ನಲ್ಲೇ ಕೆಲಸಕ್ಕೆ ಸೇರಲ್ಲ, ಬೇರೆ ಕಂಪನಿಗಳಿಗೂ ಹೋಗ್ತಾರೆ, ಹೋಗ್ಲಿ ಅಂತ ಬಿಟ್ರು. ಮುಂದೆ ಶಾಲೆ ಮಕ್ಕಳಿಗೂ ಶುರು ಮಾಡಿದ್ರು. ಅಲ್ಲಿ ಕಲಿಸ್ತಿದ್ದ ಸ್ವೆತ್ಲಿನ್ ನಾಕೊವ್ ಆಮೇಲೆ ಹೊರಗೆ ಬಂದು ಸಾಫ್ಟ್‌ಯೂನಿ ಅಂತ ಬೇರೆ ಶಾಲೆಯನ್ನೇ ಕಟ್ಟಿದ್ರು. ಒಂದು ದೀಪದಿಂದ ಇನ್ನೊಂದು ಹಚ್ಚಿದ ಹಾಗೆ.

2012ರಲ್ಲಿ ಫಿಡ್ಲರ್ ಅನ್ನೋ ಟೂಲನ್ನ ಟೆಲೆರಿಕ್ ಕೊಂಡುಕೊಳ್ತು, ವೆಬ್ ಟ್ರಾಫಿಕ್ ನೋಡೋಕೆ ಅದನ್ನ ಉಪಯೋಗಿಸದ ವೆಬ್ ಡೆವಲಪರ್ ಆಗ ನನಗೆ ಗೊತ್ತಿದ್ದವರಲ್ಲಿ ಒಬ್ಬರೂ ಇರ್ಲಿಲ್ಲ. ಎರಡು ವರ್ಷ ಆದ ಮೇಲೆ, 2014ರ ಅಕ್ಟೋಬರ್‌ನಲ್ಲಿ ಸುದ್ದಿ ಬಂತು, ಅಮೆರಿಕದ ಪ್ರೋಗ್ರೆಸ್ ಸಾಫ್ಟ್‌ವೇರ್ 26.25 ಕೋಟಿ ಡಾಲರ್‌ಗೆ ಟೆಲೆರಿಕ್ಕನ್ನೇ ಕೊಂಡುಕೊಳ್ತಿದೆ ಅಂತ. ಆಗಿನ ರೇಟಲ್ಲಿ ಸುಮಾರು 1600 ಕೋಟಿ ರೂಪಾಯಿ. ಬಲ್ಗೇರಿಯಾದ ಸಾಫ್ಟ್‌ವೇರ್ ಕಂಪನಿಗೆ ಅಷ್ಟು ಬೆಲೆ ಅನ್ನೋದು ಅಲ್ಲಿನವರಿಗೇ ನಂಬೋಕೆ ಕಷ್ಟ ಇತ್ತು. ನನಗೆ ಖುಷಿಗಿಂತ ಬೇಜಾರೇ ಜಾಸ್ತಿ ಆಯ್ತು, ಇನ್ನು ಇವರೂ ದುಡ್ಡು ಎತ್ತಿಕೊಂಡು ಎಲ್ಲೋ ಕಡಲ ತೀರದಲ್ಲಿ ಮನೆ ಮಾಡ್ತಾರೆ, ಮುಗೀತು ಕತೆ ಅಂದ್ಕೊಂಡೆ.

ಹಾಗಾಗ್ಲಿಲ್ಲ, ಅದಕ್ಕೇ ಈ ಬರಹ. ಅಕಾಡೆಮಿಯನ್ನ ಕಂಪನಿಯಿಂದ ಬೇರೆ ಮಾಡಿ ತಮ್ಮ ಕೈಯಲ್ಲೇ ಇಟ್ಕೊಂಡು ನಡೆಸಿದ್ರು. ಸ್ಟಾರ್ಟಪ್‌ಗಳು ಒಂದೇ ಕಡೆ ಕೂತು ಕೆಲಸ ಮಾಡ್ಲಿ ಅಂತ ಸೋಫಿಯಾದಲ್ಲಿ ಕ್ಯಾಂಪಸ್ ಎಕ್ಸ್ ಶುರುವಾಯ್ತು. ತೆರ್ಜಿಯೆವ್ ಇಲೆವನ್ ವೆಂಚರ್ಸ್ ಅನ್ನೋ ಫಂಡ್‌ನಲ್ಲಿ ಸೇರಿ ಹೊಸ ಕಂಪನಿಗಳಿಗೆ ಶುರುವಿನ ದುಡ್ಡು ಹಾಕಿದ್ರು. ಅಂಥದ್ದರಲ್ಲಿ ಒಂದು ಪೇಹಾಕ್, ಕಂಪನಿಗಳ ಖರ್ಚಿನ ಲೆಕ್ಕ ಮತ್ತು ಕಾರ್ಡ್ ನೋಡ್ಕೊಳ್ಳೋದು. 2022ರಲ್ಲಿ ಅದು ನೂರು ಕೋಟಿ ಡಾಲರ್ ಮೌಲ್ಯ ಮುಟ್ಟಿ ಬಲ್ಗೇರಿಯಾದ ಮೊದಲ ಯೂನಿಕಾರ್ನ್ ಅನ್ನಿಸ್ಕೊಳ್ತು. ಅದನ್ನ ಕಟ್ಟಿದ ಹ್ರಿಸ್ತೊ ಬೊರಿಸೊವ್ ಹಿಂದೆ ಎಲ್ಲಿದ್ರು ಅಂತ ನೋಡಿದ್ರೆ ಟೆಲೆರಿಕ್‌ನಲ್ಲೇ. ಇದನ್ನ ಓದಿದ ದಿನ ನಮ್ಮ ಹಳೇ ಟೀಮಿನ ವಾಟ್ಸಾಪ್ ಗ್ರೂಪಿಗೆ ನಾನೇ ಲಿಂಕ್ ಹಾಕಿದ್ದೆ.

2023ರಲ್ಲಿ ಇನ್ನೊಂದು ತಿರುವು, ಮೇಯರ್ ಚುನಾವಣೆಗೆ ನಿಂತ್ರು. ಸೋಫಿಯಾದಲ್ಲಿ 2009ರಿಂದ ಯೊರ್ದಾಂಕಾ ಫಂದಾಕೊವಾ ಅವರೇ ಮೇಯರ್, ಆ ಸಲ ಅವರು ನಿಲ್ಲಲಿಲ್ಲ. ಚುನಾವಣೆಗೆ ಮೊದಲೇ ತೆರ್ಜಿಯೆವ್ ಮನೆತನದ ವಿಷಯ ಹೊರಗೆ ಬಂತು, ಹಿರಿಯರು ಕಮ್ಯುನಿಸ್ಟ್ ಕಾಲದ ಗುಪ್ತಚರ ಇಲಾಖೆಯಲ್ಲಿ ಕೆಲಸ ಮಾಡಿದವರು ಅಂತ. ಆ ಇಲಾಖೆಯ ಹೆಸರು ಕೇಳಿದ್ರೆ ಅಲ್ಲಿ ಇವತ್ತಿಗೂ ಎಷ್ಟೋ ಮನೆಗಳಲ್ಲಿ ಗಾಯ ಹಸಿ. ಅವರು ಅಲ್ಲಗಳೆಯಲಿಲ್ಲ, ಹೌದು ಅಂತ ಬಹಿರಂಗವಾಗಿ ಒಪ್ಪಿಕೊಂಡ್ರು. ಅದರಿಂದ ದೂರ ಹೋದ ಬೆಂಬಲಿಗರೂ ಇದ್ರು, ಅವರ ಸಿಟ್ಟನ್ನ ನಾನು ತಪ್ಪು ಅನ್ನಲ್ಲ, ಅಲ್ಲಿ ನೊಂದವರಿಗೆ ಅದು ಸಣ್ಣ ವಿಷಯ ಅಲ್ಲ. ಆದ್ರೆ ಹುಟ್ಟೋ ಮನೆಯನ್ನ ಯಾರೂ ಆರಿಸ್ಕೊಂಡು ಬರಲ್ಲ, ಮಾಡಿದ ಕೆಲಸ ಕಣ್ಣ ಮುಂದೆ ಇದೆ, ನಾನು ಅವರನ್ನ ಅದರ ಮೇಲೇ ಅಳೀತೀನಿ. ನವೆಂಬರ್ 5ರ ಎರಡನೇ ಸುತ್ತಲ್ಲಿ ವಾನ್ಯಾ ಗ್ರಿಗೊರೊವಾ ಎದುರು ಗೆದ್ರು, ಗೆಲುವು ಕೂದಲೆಳೆಯಷ್ಟು, ಆ ರಾತ್ರಿ ಎಣಿಕೆ ಮುಗಿಯೋ ತನಕ ಯಾರು ಅಂತ ಹೇಳೋ ಹಾಗೇ ಇರ್ಲಿಲ್ಲ.

ಅಲ್ಲಿ ಮೇಯರ್‌ನ ಊರಿನ ಜನರೇ ನೇರವಾಗಿ ಆರಿಸ್ತಾರೆ, ನಾಲ್ಕು ವರ್ಷಕ್ಕೆ. ಆದ್ರೆ ನಗರ ಕೌನ್ಸಿಲ್ ಬೇರೆ, ಅಲ್ಲಿ ಇವರ ಕಡೆಯವರಿಗೆ ಬಹುಮತ ಇಲ್ಲ, ಏನೇ ಮಾಡಬೇಕಂದ್ರೂ ಬೇರೆ ಪಕ್ಷದವರ ಕೈ ಮೇಲೆತ್ತಿಸಬೇಕು. ಕಂಪನಿಯಲ್ಲಿ ಇಬ್ಬರು ಸಿಇಓ ಒಂದು ರೂಮಲ್ಲಿ ಕೂತು ಬೆಳಗ್ಗೆ ತೀರ್ಮಾನ ಮಾಡಿದ್ರೆ ಸಂಜೆಗೆ ಕೋಡ್ ಬರೆಯೋಕೆ ಶುರು. ಇಲ್ಲಿ ಒಂದು ಟ್ರಾಮ್ ಲೈನ್, ಒಂದು ಕಸದ ಗಾಡಿ ವಿಷಯಕ್ಕೂ ತಿಂಗಳುಗಟ್ಟಲೆ ಜಗ್ಗಾಟ. ನಾನು ವಾರಕ್ಕೊಂದು ಸಲ ಸೋಫಿಯಾದ ಸುದ್ದಿಯನ್ನ ಟ್ರಾನ್ಸ್‌ಲೇಟ್ ಹಾಕಿ ಓದ್ತೀನಿ, ಬೈಯೋರೂ ಇದಾರೆ, ಹೊಗಳೋರೂ ಇದಾರೆ, ಮುಂದಿನ ಚುನಾವಣೆ 2027ಕ್ಕೆ.